ಮನೇಲಿ ಕೂತು ರಿಕ್ರೂಟಿಂಗ್ ಮಾಡೋದು ಹೆಂಗೆ: ಸಾಗರದಲ್ಲಿ ಕೂತು ಬೆಂಗಳೂರಿಗೆ ಜನ ಹುಡುಕೋಳ ಲೆಕ್ಕಾಚಾರ

ಕಂಪನಿಗಳಿಗೆ ಜನ ಹುಡುಕಿಕೊಡೋ ಕನ್ಸಲ್ಟೆನ್ಸಿಲಿ ರಿಕ್ರೂಟರ್ ಆಗಿದ್ದು ಈಗ ವಾರಕ್ಕೆ ಎರಡು ದಿನ ಆಫೀಸು ಮೂರು ದಿನ ಮನೆ ಅಂತ ಆಗಿರೋರು, ಇಲ್ಲಾ ಪೂರ್ತಿ ಊರಿಗೇ ಬಂದು ಕೂತಿರೋರು, ಇಲ್ಲಾ ಮ್ಯಾನೇಜರ್ ಹತ್ರ ವರ್ಕ್ ಫ್ರಮ್ ಹೋಮ್ ಕೇಳ್ಬೇಕು ಅಂತ ಆರು ತಿಂಗಳಿಂದ ಬಾಯಿ ತೆರೆದು ತೆರೆದು ಮುಚ್ತಿರೋರು, ಇದು ನಿಮಗೋಸ್ಕರ. ನಾನು ಹನ್ನೊಂದು ವರ್ಷದಿಂದ ಇದೇ ಕೆಲಸದಲ್ಲಿದೀನಿ. ಮೊದಲ ಐದೂವರೆ ವರ್ಷ ಬಿಟಿಎಂ ಲೇಔಟಿನಲ್ಲಿ ಮೂರನೇ ಮಹಡಿ ಆಫೀಸು, ಕೆಳಗಡೆ ದರ್ಶಿನಿ, ಮೇಲೆ ಪಿಜಿ. 2020ರ ಮಾರ್ಚ್‌ನಲ್ಲಿ ಲಾಕ್‌ಡೌನ್ ಅಂದಾಗ ಒಂದು ಬ್ಯಾಗು ಒಂದು ಲ್ಯಾಪ್‌ಟಾಪು ಹಿಡ್ಕೊಂಡು ಹದಿನೈದು ದಿನಕ್ಕೆ ಅಂತ ಮಲೆನಾಡಿನ ಸಾಗರಕ್ಕೆ ಬಂದೆ, ಇನ್ನೂ ಇಲ್ಲೇ ಇದೀನಿ, ತಿಂಗಳಿಗೆ ನಾಲ್ಕು ದಿನ ಮಾತ್ರ ಬೆಂಗಳೂರಿಗೆ ಹೋಗ್ಬರ್ತೀನಿ.

ಮೊದಲ ಆರು ತಿಂಗಳು ನನ್ನ ನಂಬರ್ಸ್ ಪಾತಾಳಕ್ಕೆ ಹೋಗಿತ್ತು. ಕಾಲ್ ಅಷ್ಟೇ ಮಾಡ್ತಿದ್ದೆ, ಇನ್ನೂ ಹೆಚ್ಚೇ ಮಾಡ್ತಿದ್ದೆ, ಆದ್ರೆ ಕ್ಲೋಶರ್, ಅಂದ್ರೆ ಹುದ್ದೆ ತುಂಬೋದು, ಇಲ್ಲ. ಆಮೇಲೆ ನಿಧಾನಕ್ಕೆ ಅರ್ಥ ಆಗಿದ್ದೇನಂದ್ರೆ, ಆಫೀಸಲ್ಲಿ ಅರ್ಧ ಕೆಲಸ ನಾನು ಮಾಡ್ತಾನೇ ಇರಲಿಲ್ಲ, ಅದನ್ನ ಫ್ಲೋರ್ ಮಾಡ್ತಿತ್ತು. ಫ್ಲೋರ್ ಅಂದ್ರೆ ಗೊತ್ತಲ್ಲ, ಮೂವತ್ತು ಜನ ಒಟ್ಟಿಗೆ ಫೋನಲ್ಲಿ ಸಂತೆ ಥರ ಗಲಾಟೆ, ಆ ಕಡೆ ಟೇಬಲ್ಲಿನವಳು ಒಬ್ಬ ಕ್ಯಾಂಡಿಡೇಟ್ ಹತ್ರ "ಸರ್ ನೀವು ಆಲ್ರೆಡಿ ಆಫರ್ ಹೋಲ್ಡ್ ಮಾಡ್ತಿದೀರಾ" ಅಂತ ಕೇಳೋದು ನನ್ನ ಕಿವಿಗೆ ಬಿದ್ರೆ ಆ ಹುಡುಗನಿಗೆ ನಾನು ಮತ್ತೆ ಫೋನ್ ಮಾಡೋದು ಉಳೀತು, ಕ್ಲೈಂಟ್ ಕಂಪನಿ ಜೊತೆ ಮಾತಾಡೋ ಅಕೌಂಟ್ ಮ್ಯಾನೇಜರ್ ಕ್ಯಾಬಿನ್ನಿಂದ ಮುಖ ಊದಿಸ್ಕೊಂಡು ಹೊರಗೆ ಬಂದ್ರೆ ಆ ರಿಕ್ವೈರ್ಮೆಂಟ್ (ಕ್ಲೈಂಟ್ ಜನ ಕೇಳಿರೋ ಹುದ್ದೆ) ಹೋಲ್ಡ್ ಆಗಿದೆ ಅಂತ ಮೇಲ್ ಬರೋ ಮುಂಚೇನೇ ಗೊತ್ತಾಗ್ತಿತ್ತು. ಮನೇಲಿ ಇದ್ಯಾವ್ದೂ ಇಲ್ಲ. ಫ್ಲೋರ್ ಏನೇನು ಮಾಡ್ತಿತ್ತೋ ಅದನ್ನೆಲ್ಲ ಒಂದೊಂದಾಗಿ ಗುರುತು ಹಿಡಿದು ಈಗ ಕೈಯಾರೆ ಮಾಡ್ಬೇಕು. ಕೆಳಗೆ ಬರ್ದಿರೋದೆಲ್ಲ ಅದೇ.

ಮೊದಲು ಕರೆಂಟು, ಆಮೇಲೆ ಕ್ಯಾಂಡಿಡೇಟು

ಬೆಂಗಳೂರಲ್ಲಿ ಮನೇಲಿ ಕೂತಿರೋರು ಈ ಭಾಗ ಬಿಟ್ಟು ಮುಂದೆ ಹೋಗ್ಬೋದು, ಮಲೆನಾಡಿನೋರು ಓದಿ. ಇಲ್ಲಿ ಜೂನ್ ಬಂತಂದ್ರೆ ಮೆಸ್ಕಾಂ ಯಾವಾಗ ಕೈ ಕೊಡತ್ತೆ ಅಂತ ಹೇಳೋಕಾಗಲ್ಲ, ಎಲ್ಲೋ ಒಂದು ಮರ ಲೈನ್ ಮೇಲೆ ಬಿದ್ರೆ ಅವತ್ತಿಡೀ ಕತೆ ಮುಗೀತು. 2021ರ ಮಳೆಗಾಲದಲ್ಲಿ ನನ್ನದೊಂದು ಫೈನಲ್ ರೌಂಡ್ ಇತ್ತು, ಕ್ಲೈಂಟ್ ಕಡೆಯಿಂದ ಮೂರು ಜನ ಪ್ಯಾನೆಲ್ ಕಾಯ್ತಾ ಕೂತಿದಾರೆ, ಕ್ಯಾಂಡಿಡೇಟಿಗೆ ಲಿಂಕ್ ಓಪನ್ ಆಗ್ತಿಲ್ಲ, ಅವನು ನನಗೆ ಫೋನ್ ಮೇಲೆ ಫೋನ್ ಮಾಡ್ತಿದಾನೆ, ಇಲ್ಲಿ ಕರೆಂಟಿಲ್ಲ ವೈಫೈ ಇಲ್ಲ ಟವರ್ ಕೂಡ ಬ್ಯಾಟರಿ ಮುಗಿದು ಮಲಗಿದೆ. ನಲವತ್ತು ನಿಮಿಷ ಆದ್ಮೇಲೆ ಛತ್ರಿ ಹಿಡ್ಕೊಂಡು ಗುಡ್ಡ ಹತ್ತಿ ಸಿಗ್ನಲ್ ಹಿಡಿದು ನೋಡ್ತೀನಿ, ಪ್ಯಾನೆಲ್ ಎದ್ದು ಹೋಗಿದೆ. ಆ ಪೊಸಿಷನ್ ಇನ್ನೊಂದು ವೆಂಡರ್, ಅಂದ್ರೆ ನಮ್ಮಂಥದೇ ಬೇರೆ ಕನ್ಸಲ್ಟೆನ್ಸಿಯವ, ಕ್ಲೋಸ್ ಮಾಡ್ದ. ಕೈಗೆ ಬಂದ ತುತ್ತು.

ಅದಾದ್ಮೇಲೆ ಮಾಡ್ಕೊಂಡಿದ್ದು ಇಷ್ಟು: 150 ಎಎಚ್ ಬ್ಯಾಟರಿ ಇರೋ ಇನ್ವರ್ಟರು, ಅದರ ಜೊತೆ ರೂಟರಿಗೆ ಅಂತಾನೇ ಬರೋ 12 ವೋಲ್ಟಿನ ಸಣ್ಣ ಯುಪಿಎಸ್ಸು, ಯಾಕಂದ್ರೆ ಇನ್ವರ್ಟರ್‌ಗೆ ಬದಲಾಗೋ ಆ ಅರೆಕ್ಷಣದಲ್ಲಿ ಕೆಲವು ರೂಟರು ಆಫ್ ಆಗಿ ಮತ್ತೆ ಆನ್ ಆಗೋಕೆ ಮೂರು ನಿಮಿಷ ತಗೊಳತ್ತೆ, ಮೂರು ನಿಮಿಷ ಅಂದ್ರೆ ಇಂಟರ್ವ್ಯೂನಲ್ಲಿ ಒಂದು ಯುಗ. ಮನೆಗೆ ಫೈಬರ್ ಒಂದು ಕಂಪನೀದು, ಫೋನಲ್ಲಿ ಎರಡು ಸಿಮ್ ಬೇರೆ ಬೇರೆ ಎರಡು ಕಂಪನೀದು, ಮೂರೂ ಒಂದೇ ಕಂಪನೀದಾದ್ರೆ ಮೂರೂ ಒಟ್ಟಿಗೆ ಮಲಗ್ತವೆ. ಎಲ್ಲಕ್ಕಿಂತ ಮುಖ್ಯ, ಇಂಟರ್ವ್ಯೂ ಇರೋ ದಿನ ಪ್ಯಾನೆಲ್‌ನ ಒಬ್ಬರ ನಂಬರು ಕ್ಯಾಂಡಿಡೇಟಿನ ನಂಬರು ಮೀಟಿಂಗ್ ಲಿಂಕು ಮೂರನ್ನೂ ಬೆಂಗಳೂರಲ್ಲಿರೋ ಒಬ್ಬ ಟೀಮ್‌ಮೇಟಿಗೆ ಬೆಳಿಗ್ಗೇನೇ ಕಳಿಸಿಟ್ಟಿರಿ. ಆಫೀಸಲ್ಲಾಗಿದ್ರೆ ಪಕ್ಕದ ಟೇಬಲ್ಲಿನವರೇ ಎದ್ದು ನಿಮ್ಮ ಕೆಲಸ ನೋಡ್ಕೊಳ್ತಿದ್ರು, ಈಗ ಪಕ್ಕದ ಟೇಬಲ್ ಇಲ್ಲ, ನೀವೇ ಒಂದು ಮಾಡ್ಕೊಬೇಕು.

ಹೈಬ್ರಿಡ್ ಅಂದ್ರೆ ಎಷ್ಟು ದಿನ, ಎಲ್ಲಿ, ಯಾವತ್ತಿಂದ

ಈಗ ಬರೋ ಹತ್ತು ಜೆಡಿಲಿ (ಕ್ಲೈಂಟ್ ಕಳಿಸೋ ಕೆಲಸದ ವಿವರ) ಏಳೆಂಟರ ಮೇಲೆ ಹೈಬ್ರಿಡ್ ಅಂತ ಬರ್ದಿರತ್ತೆ, ಅದು ಅಡ್ಡಗೋಡೆ ಮೇಲೆ ದೀಪ ಇಟ್ಟಂಗೆ. ಒಬ್ಬರಿಗೆ ಹೈಬ್ರಿಡ್ ಅಂದ್ರೆ ವಾರಕ್ಕೆ ಎರಡು ದಿನ, ಇನ್ನೊಬ್ಬರಿಗೆ ನಾಲ್ಕು ದಿನ, ಇನ್ನು ಕೆಲವರಿಗೆ ಮೊದಲ ಮೂರು ತಿಂಗಳು ಐದೂ ದಿನ ಬಂದು ಆಮೇಲೆ ಮ್ಯಾನೇಜರ್ ಮನಸ್ಸು ಮಾಡಿದ್ರೆ ಮೂರು. ದೊಡ್ಡ ಕಂಪನಿಗಳದ್ದೇ ನೋಡಿ, ಟಿಸಿಎಸ್ 2023ರ ಅಕ್ಟೋಬರ್‌ನಿಂದ ವಾರಕ್ಕೆ ಐದೂ ದಿನ ಆಫೀಸಿಗೆ ಬನ್ನಿ ಅಂತು, ಇನ್ಫೋಸಿಸ್ 2025ರ ಮಾರ್ಚ್‌ನಿಂದ ಕೆಳಗಿನ ಬ್ಯಾಂಡಿನೋರಿಗೆ ತಿಂಗಳಿಗೆ ಕನಿಷ್ಠ 10 ದಿನ ಅಂತು. ಎರಡೂ ಕಡೆಯಿಂದ ಬರೋ ಕ್ಯಾಂಡಿಡೇಟು "ಈಗ ಇರೋದಕ್ಕಿಂತ ಜಾಸ್ತಿ ದಿನ ಆಗಬಾರದು" ಅಂತಾನೇ ಕೇಳ್ತಾರೆ, ಆದ್ರೆ ಇಬ್ಬರ "ಈಗ ಇರೋದು" ಬೇರೆ ಬೇರೆ.

ಅದಕ್ಕೆ ರಿಕ್ವೈರ್ಮೆಂಟ್ ಬಂದ ತಕ್ಷಣ ನೌಕ್ರಿ ಡಾಟ್ ಕಾಮ್ ಓಪನ್ ಮಾಡಿ ಸರ್ಚ್ ಹೊಡೀಬೇಡಿ. ಮೊದಲು ಅಕೌಂಟ್ ಮ್ಯಾನೇಜರ್‌ಗೆ ಫೋನ್ ಹಾಕಿ, ಮೇಲ್ ಅಲ್ಲ ಫೋನು, ಹತ್ತು ನಿಮಿಷ ಸಾಕು. ವಾರಕ್ಕೆ ಎಷ್ಟು ದಿನ, ಯಾವ ಯಾವ ದಿನ ಅಂತ ಫಿಕ್ಸ್ ಇದೆಯಾ ಇಲ್ಲಾ ಟೀಮ್ ಇಷ್ಟಾನಾ, ಯಾವ ಕ್ಯಾಂಪಸ್ಸು, ಬೆಂಗಳೂರು ಅಂತ ಬರೆದ್ರೆ ಸಾಲದು ಯಾಕಂದ್ರೆ ವೈಟ್‌ಫೀಲ್ಡಿಗೂ ಎಲೆಕ್ಟ್ರಾನಿಕ್ ಸಿಟಿಗೂ ಮಧ್ಯೆ ಸಿಲ್ಕ್ ಬೋರ್ಡ್ ಅನ್ನೋ ಒಂದು ಜನ್ಮ ಇದೆ, ಬೇರೆ ಊರಲ್ಲಿರೋರನ್ನ ತಗೊಂಡ್ರೆ ಶಿಫ್ಟ್ ಆಗೋಕೆ ಎಷ್ಟು ಟೈಮ್ ಕೊಡ್ತಾರೆ, ಆಫರ್ ಲೆಟರಲ್ಲಿ ವರ್ಕ್ ಮೋಡ್ ಬರೆದು ಕೊಡ್ತಾರಾ ಇಲ್ಲಾ ಬಾಯಿ ಮಾತಾ. ಈ ಕೊನೇದನ್ನ ಹೆಚ್ಚಿನವರು ಕೇಳೋದೇ ಇಲ್ಲ. ಹುಬ್ಬಳ್ಳಿಯ ಒಬ್ಬರನ್ನ ನಾನು ಪೂರ್ತಿ ರಿಮೋಟ್ ಅಂತ ಹೇಳಿ ಸೇರಿಸ್ದೆ, ಕ್ಲೈಂಟೂ ಹಾಗೇ ಹೇಳಿದ್ರು, ನಾಲ್ಕೇ ತಿಂಗಳಿಗೆ ಎಲ್ರೂ ವಾಪಸ್ ಬನ್ನಿ ಅಂತ ಮೇಲ್ ಬಂತು, ಪಾಪ ಅವರ ಮನೇಲಿ ಚಿಕ್ಕ ಮಗು, ಅವರು ನನಗೆ ಬೈದಿದ್ದು ಕ್ಲೈಂಟಿಗಲ್ಲ. ಅವತ್ತಿಂದ ನಾನು ಕ್ಯಾಂಡಿಡೇಟಿಗೆ ಹೇಳೋದು ಒಂದೇ ಮಾತು, "ಸರ್ ಇವತ್ತಿನ ಪಾಲಿಸಿ ಇದು, ಇದು ನಿಮ್ಮ ಲೆಟರಲ್ಲಿ ಇರತ್ತೆ ಇಲ್ಲಾ ಇರಲ್ಲ, ಇರದೇ ಇದ್ರೆ ಬದಲಾಗ್ಬೋದು ಅಂತ್ಲೇ ಲೆಕ್ಕ ಹಾಕಿ."

ಇನ್ನೊಂದು, ಬೆಂಗಳೂರು ಬಿಟ್ಟು ಕೂತಿರೋ ರಿಕ್ರೂಟರಿಗೆ ಬೆಂಗಳೂರಿನ ಮ್ಯಾಪ್ ಹಳೇದಾಗ್ಬಿಡತ್ತೆ. ನನ್ನ ತಲೇಲಿ 2020ರ ಬೆಂಗಳೂರೇ ಇತ್ತು. ಪರ್ಪಲ್ ಲೈನ್ 2023ರ ಅಕ್ಟೋಬರ್‌ನಲ್ಲಿ ವೈಟ್‌ಫೀಲ್ಡಿನಿಂದ ಚಲ್ಲಘಟ್ಟದವರೆಗೆ ಪೂರ್ತಿ ಸೇರ್ತು, ಯೆಲ್ಲೋ ಲೈನ್ 2025ರ ಆಗಸ್ಟ್‌ನಲ್ಲಿ ಆರ್.ವಿ. ರೋಡಿನಿಂದ ಬೊಮ್ಮಸಂದ್ರಕ್ಕೆ ಶುರುವಾಯ್ತು, ಜಯನಗರ ಬನಶಂಕರಿ ಕಡೆಯೋರಿಗೆ ಎಲೆಕ್ಟ್ರಾನಿಕ್ ಸಿಟಿ ಅಂದ್ರೆ ಮೊದಲು ನಾನೇ "ದೂರ ಆಗತ್ತಲ್ವಾ" ಅಂತ ಕೇಳಿ ಅವರ ಬಾಯಲ್ಲಿ ಬೇಡ ಅನ್ಸಿಬಿಡ್ತಿದ್ದೆ, ಈಗ ಮೆಟ್ರೋ ಸ್ಟೇಷನ್ ಹೆಸರು ಹೇಳಿ ಕೇಳ್ತೀನಿ. ಇಂಥದ್ದು ಫ್ಲೋರಲ್ಲಿದ್ರೆ ತಾನಾಗೇ ಕಿವಿಗೆ ಬೀಳತ್ತೆ.

ಫೋನ್ ಎತ್ತೋ ಹೊತ್ತು

ಹಳೇ ಕಾಲದಲ್ಲಿ ಮಧ್ಯಾಹ್ನ ಊಟದ ಹೊತ್ತು, ಸಂಜೆ ಆರರಿಂದ ಎಂಟು, ಇಷ್ಟೇ ನಮ್ಮ ಗೋಲ್ಡನ್ ಟೈಮು. ಈಗ ಕ್ಯಾಂಡಿಡೇಟೂ ಹೈಬ್ರಿಡ್ಡಲ್ಲಿದಾನೆ, ಅದನ್ನ ನಮ್ಮ ಅನುಕೂಲಕ್ಕೆ ಬಳಸ್ಕೊಳ್ಳಿ. ಆಫೀಸಿಗೆ ಹೋಗಿರೋ ದಿನ ಅವನು ಹೊಸ ಕೆಲಸದ ಬಗ್ಗೆ ಬಾಯೇ ಬಿಡಲ್ಲ, "ಹಾಂ ಹಾಂ, ಆಮೇಲೆ ಮಾಡ್ತೀನಿ" ಅಂತಾನೆ, ಆ ಆಮೇಲೆ ಯಾವತ್ತೂ ಬರಲ್ಲ. ಮನೇಲಿರೋ ದಿನ ಅದೇ ಮನುಷ್ಯ ಇಪ್ಪತ್ತು ನಿಮಿಷ ಮಾತಾಡ್ತಾನೆ, ಸಂಬಳದ ಬ್ರೇಕಪ್ಪೂ ಹೇಳ್ತಾನೆ. ಹಾಗಾಗಿ ಮೊದಲ ಕಾಲಲ್ಲೇ ಕೇಳಿಟ್ಕೊಳ್ಳಿ, ನಿಮಗೆ ಮನೆಯಿಂದ ಕೆಲಸ ಯಾವ ಯಾವ ದಿನ ಅಂತ. ಕ್ಯಾಂಡಿಡೇಟುಗಳ ಲೆಕ್ಕ ಇಡೋ ನನ್ನ ಟ್ರ್ಯಾಕರ್ ಶೀಟಲ್ಲಿ ಅದಕ್ಕೇ ಒಂದು ಕಾಲಮ್ ಇದೆ. ನನ್ನ ಅನುಭವದಲ್ಲಿ ಸೋಮವಾರ ಶುಕ್ರವಾರ ಮನೇಲಿರೋರೇ ಹೆಚ್ಚು, ಅದಕ್ಕೆ ಆ ಎರಡು ದಿನ ನಾನು ಕಾಲಿಂಗ್ ಬಿಟ್ಟು ಬೇರೇನೂ ಇಟ್ಕೊಳ್ಳಲ್ಲ, ರಿಪೋರ್ಟು ಸೋರ್ಸಿಂಗು ಟೀಮ್ ಮೀಟಿಂಗು ಎಲ್ಲ ಮಂಗಳವಾರದಿಂದ ಗುರುವಾರದೊಳಗೆ.

ಟ್ರೂಕಾಲರ್ ನಮ್ಮ ಶತ್ರು. ದಿನಕ್ಕೆ ಅರವತ್ತು ಎಪ್ಪತ್ತು ಅಪರಿಚಿತರಿಗೆ ಫೋನ್ ಮಾಡೋ ನಂಬರಿಗೆ ಯಾರೋ ನಾಲ್ಕು ಜನ ಸಿಟ್ಟಲ್ಲಿ ಸ್ಪ್ಯಾಮ್ ಅಂತ ಒತ್ತಿದ್ರೆ ಮುಗೀತು, ಕೆಂಪು ಬಣ್ಣ. ಆಮೇಲೆ ನಿಮ್ಮ ಸೋದರಮಾವನಿಗೆ ಫೋನ್ ಮಾಡಿದ್ರೂ ಅವರ ಫೋನಲ್ಲಿ ಸ್ಪ್ಯಾಮ್. ನನಗೆ ಆಗಿದ್ದೇ ಅದು. ಆದ್ದರಿಂದ ಕೆಲಸದ ಸಿಮ್ ಬೇರೆ ಇರ್ಲೇಬೇಕು, ಕಂಪನಿ ಕೊಡ್ಲಿ ಬಿಡ್ಲಿ. ಆ ಸಿಮ್ಮನ್ನ ರಾತ್ರಿ ಎಂಟೂವರೆಗೆ ಸೈಲೆಂಟ್ ಮಾಡಿ ಬೇರೆ ರೂಮಲ್ಲಿಡಿ, ಇಲ್ಲಾಂದ್ರೆ ರಾತ್ರಿ ಹನ್ನೊಂದಕ್ಕೆ ಒಬ್ಬರು ಫೋನ್ ಮಾಡಿ ಮೇಡಂ ನನ್ನ ಪ್ರೊಫೈಲ್ ಏನಾಯ್ತು ಅಂತಾರೆ. ಇನ್ನೊಂದು, ಫೋನ್ ಮಾಡೋ ಮುಂಚೆ ಒಂದು ವಾಟ್ಸಾಪ್ ಹಾಕಿ, ಉದ್ದ ಅಲ್ಲ, ಜೆಡಿ ಪೇಸ್ಟ್ ಮಾಡೋದಂತೂ ಬೇಡ್ವೇ ಬೇಡ. ನಾನು ಹಾಕೋದು ಹೀಗೆ:

"ನಮಸ್ತೆ ಸರ್, ನೌಕ್ರೀಲಿ ನಿಮ್ಮ ಪ್ರೊಫೈಲ್ ನೋಡ್ದೆ. ಜಾವಾ, 6 ವರ್ಷ, ಬೆಳ್ಳಂದೂರು ಆಫೀಸು, ವಾರಕ್ಕೆ 3 ದಿನ ಬರ್ಬೇಕು, ಬಜೆಟ್ 22 ಲಕ್ಷದವರೆಗೆ. ಇದು ನಿಮಗೆ ಆಗೋ ಹಾಗಿದ್ರೆ ಮಾತ್ರ ಯಾವಾಗ ಫೋನ್ ಮಾಡ್ಲಿ ಹೇಳಿ, ಬೇಡ ಅಂದ್ರೆ ಬೇಡ ಅಂತ ಹಾಕಿ, ಮತ್ತೆ ತೊಂದರೆ ಕೊಡಲ್ಲ."

ಬಜೆಟ್ ಮೊದಲೇ ಹೇಳ್ಬಾರ್ದು ಅಂತ ನಮ್ಮ ಹಳೇ ಮ್ಯಾನೇಜರುಗಳು ಹೇಳಿಕೊಟ್ಟಿದ್ರು. ಹೇಳಿ ಅಂತೀನಿ ನಾನು. ಬೇಡ ಅಂತ ಬರೋ ಉತ್ತರವೂ ಉತ್ತರಾನೇ, ಅದು ಮೂರು ಫಾಲೋಅಪ್ ಕಾಲ್ ಉಳಿಸತ್ತೆ, ಹಾಗೆ ಬೇಡ ಅಂದೋರೇ ಎರಡು ತಿಂಗಳು ಬಿಟ್ಟು ಅದೇ ಚಾಟಲ್ಲಿ "ಈಗ ಏನಾದ್ರೂ ಇದೆಯಾ" ಅಂತ ಬಂದಿರೋದು ಲೆಕ್ಕ ಇಲ್ಲದಷ್ಟಿದೆ.

ಟ್ರ್ಯಾಕರ್ ನಿಮ್ಮ ಫ್ಲೋರು

ಎಕ್ಸೆಲ್ ಶೀಟ್ ತುಂಬೋದು ಯಾರಿಗೂ ಇಷ್ಟ ಇಲ್ಲ, ನನಗೂ ಇಲ್ಲ. ಆದ್ರೆ ದೂರ ಕೂತ್ಮೇಲೆ ಟ್ರ್ಯಾಕರಲ್ಲಿ ಇಲ್ಲದ್ದು ನಡೆದೇ ಇಲ್ಲ ಅಂತ ಅರ್ಥ. ಒಂದೇ ಟೀಮಿನ ಇಬ್ಬರು ಒಬ್ಬನೇ ಕ್ಯಾಂಡಿಡೇಟಿಗೆ ಅರ್ಧ ಗಂಟೆ ಅಂತರದಲ್ಲಿ ಫೋನ್ ಮಾಡಿ ಒಬ್ಬಳು ಬಜೆಟ್ 18 ಲಕ್ಷ ಅಂದು ಇನ್ನೊಬ್ಬ 20 ಅಂದಿದ್ದು ನಮ್ಮಲ್ಲೇ ಆಗಿದೆ, ಅವನು ನಕ್ಕು ಇಬ್ಬರನ್ನೂ ಬಿಟ್ಟ. ಪರಿಹಾರ ಸುಲಭ, ಆದ್ರೆ ಶಿಸ್ತು ಬೇಕು: ಶೇರ್ ಮಾಡಿರೋ ಶೀಟಲ್ಲಿ ಫೋನ್ ನಂಬರ್ ಹಾಕಿ ನಿಮ್ಮ ಹೆಸರು ಬರೆದು ಆಮೇಲೆ ಡಯಲ್ ಮಾಡಿ, ಡಯಲ್ ಮಾಡಿ ಆಮೇಲೆ ಬರೆಯೋದಲ್ಲ. ಒಂದು ದಿನದೊಳಗೆ ಸ್ಟೇಟಸ್ ಹಾಕ್ದಿದ್ರೆ ಆ ಹೆಸರು ಬೇರೆಯವರಿಗೆ ಫ್ರೀ. ನಮ್ಮ ಟೀಮಲ್ಲಿ ಈ ಒಂದು ರೂಲಿಂದ ಜಗಳ ಎಷ್ಟೋ ಕಮ್ಮಿ ಆಯ್ತು.

ವೆಂಡರುಗಳ ನಡುವಿನ ಡೂಪ್ಲಿಕೇಟು ಇನ್ನೊಂದು ತಲೆನೋವು. ಕ್ಲೈಂಟಿನ ಎಟಿಎಸ್ಸಲ್ಲಿ (ಪ್ರೊಫೈಲ್‌ಗಳನ್ನೆಲ್ಲ ಹಾಕೋ ಸಾಫ್ಟ್‌ವೇರು) ಯಾರ ಸಬ್ಮಿಷನ್ ಮೊದಲು ಬಿತ್ತೋ ಕ್ಯಾಂಡಿಡೇಟ್ ಅವರದ್ದು, ಸಾಮಾನ್ಯಕ್ಕೆ ಆರು ತಿಂಗಳವರೆಗೆ. ಹಾಗಂತ ಕೇಳ್ದೇನೇ ಪ್ರೊಫೈಲ್ ಹಾಕಿಬಿಡೋ ಚಾಳಿ ನಮ್ಮಲ್ಲಿ ಇದೆ, ಅದು ತಪ್ಪು, ಈಗ ಅಪಾಯ ಕೂಡ. ಕ್ಯಾಂಡಿಡೇಟಿಂದ ಒಂದು ಸಾಲಿನ ಮೇಲ್ ತಗೊಳ್ಳಿ, ಇಂಥ ಕಂಪನೀಲಿ ಇಂಥ ಕೆಲಸಕ್ಕೆ ನನ್ನ ಪ್ರೊಫೈಲ್ ನಿಮ್ಮ ಮೂಲಕ ಕಳಿಸೋಕೆ ಒಪ್ಪಿಗೆ ಇದೆ ಅಂತ, ದಿನಾಂಕ ಟೈಮ್ ಅದರಲ್ಲೇ ಬರತ್ತೆ. ಜಗಳ ಬಂದಾಗ ಅಕೌಂಟ್ ಮ್ಯಾನೇಜರ್ ಕೈಗೆ ಕೊಡೋಕೆ ಅದೊಂದೇ ಆಯುಧ.

ರೆಸ್ಯೂಮೆ ಎಲ್ಲಿಡ್ತೀರಿ ಅನ್ನೋದೂ ಇದರ ಜೊತೇನೇ. ಸ್ವಂತ ಜಿಮೇಲ್ ಡ್ರೈವು, ಸ್ವಂತ ವಾಟ್ಸಾಪು, ತಮ್ಮನ ಪೆನ್ ಡ್ರೈವು, ಇದೆಲ್ಲ ಬೇಡ. ಡಿಪಿಡಿಪಿ ಅಂತ ಡೇಟಾ ರಕ್ಷಣೆ ಕಾಯ್ದೆ 2023ರಲ್ಲೇ ಬಂದಿದೆ, ದೊಡ್ಡ ತಪ್ಪಿಗೆ ದಂಡ 250 ಕೋಟಿವರೆಗೂ ಹೋಗ್ಬೋದು, ಅದು ಕಂಪನಿಗೆ ಬೀಳೋದು ನಿಜ, ಆದ್ರೆ ಎಲ್ಲಿಂದ ಸೋರಿತು ಅಂತ ಹುಡುಕ್ತಾ ಬಂದ್ರೆ ನಿಲ್ಲೋದು ನಿಮ್ಮ ಮನೆ ಬಾಗಿಲಲ್ಲೇ. ಆಧಾರ್ ಪ್ಯಾನ್ ಪೇಸ್ಲಿಪ್ಪು ವಾಟ್ಸಾಪಲ್ಲಿ ಬಂದ್ರೆ ಕಂಪನಿ ಸಿಸ್ಟಮಿಗೆ ಹಾಕಿ ಅವತ್ತೇ ಫೋನಿಂದ ಡಿಲೀಟ್ ಮಾಡಿ.

ತೊಂಬತ್ತು ದಿನದ ಉಪವಾಸ

ಎಷ್ಟೋ ಐಟಿ ಕಂಪನಿಗಳಲ್ಲಿ ನೋಟಿಸ್ ಪೀರಿಯಡ್ಡು 90 ದಿನ. ಆಫರ್ ಕೊಡಿಸಿದ ಖುಷೀಲಿ ರಿಕ್ರೂಟರು ಮುಂದಿನ ರಿಕ್ವೈರ್ಮೆಂಟಿಗೆ ಹೋಗ್ಬಿಡ್ತಾನೆ, ಆ ಮೂರು ತಿಂಗಳಲ್ಲಿ ಕ್ಯಾಂಡಿಡೇಟ್ ಇನ್ನೂ ಮೂರು ಆಫರ್ ತಗೊಂಡು ಜಾಯ್ನಿಂಗ್ ದಿನ ಫೋನ್ ಸ್ವಿಚ್ ಆಫ್. ಎಲ್ರಿಗೂ ಗೊತ್ತಿರೋ ಕತೆ. ಆಫೀಸಲ್ಲಿದ್ದಾಗ ಬೋರ್ಡ್ ಮೇಲೆ ಜಾಯ್ನಿಂಗ್ ಡೇಟ್ ಬರ್ದಿರ್ತಿದ್ರು, ದಿನಾ ಕಣ್ಣಿಗೆ ಬೀಳ್ತಿತ್ತು. ಮನೇಲಿ ಗೋಡೆ ಮೇಲೆ ಪಂಚಾಂಗದ ಕ್ಯಾಲೆಂಡರ್ ಇದೆ, ನಾನಂತೂ ಅದರಲ್ಲೇ ಬರೀತೀನಿ, ಅಮಾವಾಸ್ಯೆ ಪಕ್ಕ ಇಂಥವರ ಲಾಸ್ಟ್ ವರ್ಕಿಂಗ್ ಡೇ ಅಂತ. ಅಮ್ಮ ಕೇಳ್ತಾರೆ, ಇದ್ಯಾರದೇ ತಿಥಿ?

ಈ ಮೂರು ತಿಂಗಳಲ್ಲಿ ಯಾವಾಗ ಮಾತಾಡ್ಬೇಕು ಅಂದ್ರೆ, ರಿಸೈನ್ ಮಾಡಿದ ದಿನ ಒಂದ್ಸಲ, ಕಂಪನಿ ಅದನ್ನ ಒಪ್ಪಿದ ಮೇಲ್ ಬಂತಾ ಅಂತ ಆ ವಾರದಲ್ಲೇ ಇನ್ನೊಂದ್ಸಲ, ಯಾಕಂದ್ರೆ ಬಿಡ್ಬೇಡಿ ಅಂತ ಹಳೇ ಕಂಪನಿ ಕೊಡೋ ಕೌಂಟರ್ ಆಫರ್ ಬರೋದು ಹೆಚ್ಚಾಗಿ ಮೊದಲ ಹತ್ತು ದಿನದಲ್ಲೇ. ಆ ಹತ್ತು ದಿನ ದಾಟಿದ್ರೆ ವಾರಕ್ಕೊಂದು ಸಲ ಸಾಕು, ಪ್ರತೀ ಸಲ ಸೇರ್ತೀರಿ ತಾನೆ ಅಂತ ಕೇಳ್ಬೇಡಿ, ಹಾಗೆ ಕೇಳಿದ್ರೆ ಯಾರಾದ್ರೂ ಹೂಂ ಅಂತಾರೆ. ಅದರ ಬದಲು ಕೆಲಸದ ಮಾತು ಕೇಳಿ. ನಾಲೆಡ್ಜ್ ಟ್ರಾನ್ಸ್‌ಫರ್ ಶುರುವಾಯ್ತಾ, ನಿಮ್ಮ ಜಾಗಕ್ಕೆ ಯಾರು ಬಂದ್ರು, ಲ್ಯಾಪ್‌ಟಾಪ್ ವಾಪಸ್ ಕೊಡೋಕೆ ಆಫೀಸಿಗೇ ಹೋಗ್ಬೇಕಾ ಕೊರಿಯರ್ರಾ. ನಿಜವಾಗ್ಲೂ ಬಿಡ್ತಿರೋರ ಉತ್ತರದಲ್ಲಿ ವಿವರ ಇರತ್ತೆ, ಕೈ ಕೊಡೋರ ಉತ್ತರ ಮೂರು ಪದದ್ದು. ರಿಮೋಟಾಗಿ ಸೇರೋರಿಗೆ ಹೊಸ ಕಂಪನಿಯ ಲ್ಯಾಪ್‌ಟಾಪ್ ಕೊರಿಯರ್ ಯಾವ ವಿಳಾಸಕ್ಕೆ ಅಂತ ಹದಿನೈದು ದಿನ ಮುಂಚೆ ಕೇಳಿ, ವಿಳಾಸ ಕೊಡೋಕೆ ಎಳೆದಾಡಿದ್ರೆ ಬ್ಯಾಕಪ್ ಕ್ಯಾಂಡಿಡೇಟಿಗೆ ಅವತ್ತೇ ಫೋನ್ ಮಾಡಿ. ಈ ಕೊರಿಯರ್ ವಿಳಾಸದ ಪರೀಕ್ಷೆ ನನಗೆ ಇದುವರೆಗೂ ಹೆಚ್ಚು ಕಮ್ಮಿ ತಪ್ಪಿಲ್ಲ.

ಎರಡು ಕಡೆ ಕೆಲಸ ಮಾಡೋರ ವಿಷ್ಯನೂ ಇಲ್ಲೇ ಬರತ್ತೆ. 2022ರ ಸೆಪ್ಟೆಂಬರ್‌ನಲ್ಲಿ ವಿಪ್ರೋದವರು ಮೂನ್‌ಲೈಟಿಂಗ್ ಮಾಡ್ತಿದ್ದ 300 ಜನರನ್ನ ತೆಗೆದಿದೀವಿ ಅಂತ ರಿಷದ್ ಪ್ರೇಮ್‌ಜಿ ಹೇಳಿದ್ದು ನೆನಪಿರ್ಬೇಕು. ಆಮೇಲಿಂದ ಬ್ಯಾಕ್‌ಗ್ರೌಂಡ್ ವೆರಿಫಿಕೇಶನ್ನಲ್ಲಿ ಪಿಎಫ್ ಹಿಸ್ಟರಿ ನೋಡೋದು ಮಾಮೂಲಾಗಿದೆ, ಒಂದೇ ಯುಎಎನ್ (ಪಿಎಫ್ ಖಾತೆಯ ನಂಬರು) ಕೆಳಗೆ ಒಂದೇ ತಿಂಗಳಿಗೆ ಎರಡು ಕಂಪನಿ ದುಡ್ಡು ಕಟ್ಟಿದ್ರೆ ಸಿಕ್ಕಿಬಿದ್ದಂಗೆ. ಮೊದಲ ಸ್ಕ್ರೀನಿಂಗಲ್ಲೇ ಮೆತ್ತಗೆ ಕೇಳಿ, ಸರ್ ಪಿಎಫ್ಫಲ್ಲಿ ಓವರ್‌ಲ್ಯಾಪ್ ಏನಾದ್ರೂ ಇದೆಯಾ, ಇದ್ರೆ ಈಗ್ಲೇ ಹೇಳಿ ಅಂತ. ಹಳೇ ಕಂಪನಿ ಎಕ್ಸಿಟ್ ಡೇಟ್ ಹಾಕ್ದೇ ಇರೋದ್ರಿಂದ ಸುಮ್ನೆ ಓವರ್‌ಲ್ಯಾಪ್ ಕಾಣೋದೂ ಇದೆ, ಅಂಥವರನ್ನ ಕಳ್ಳರು ಅಂತ ನೋಡೋದು ಬೇಡ.

ಸ್ಕ್ರೀನಲ್ಲಿ ಕೂತಿರೋದು ಯಾರು

ವಿಡಿಯೋ ಇಂಟರ್ವ್ಯೂ ಬಂದ್ಮೇಲೆ ಪ್ರಾಕ್ಸಿ ಕಾಟ ವಿಪರೀತ. ಇಂಟರ್ವ್ಯೂ ಕೊಡೋನು ಒಬ್ಬ, ಸೇರೋನು ಇನ್ನೊಬ್ಬ. ಇಲ್ಲಾ ಬಾಯಿ ಆಡಿಸೋನು ಇವನು, ಮಾತು ಬೇರೆಯವಂದು. ಈಗ ಎಐ ಬಂದು ಪಕ್ಕದ ಸ್ಕ್ರೀನಲ್ಲಿ ಉತ್ತರ ಓದೋರೂ ಇದಾರೆ. ಪ್ಯಾನೆಲ್ ಕಂಡುಹಿಡಿದ್ರೆ ಮಾನ ಹೋಗೋದು ವೆಂಡರಿಂದು, ಅದಕ್ಕೆ ಕ್ಲೈಂಟಿಗೆ ಕಳಿಸೋ ಮುಂಚೆ ಹತ್ತು ನಿಮಿಷ ನೀವೇ ವಿಡಿಯೋ ಕಾಲ್ ಮಾಡಿ. ಬ್ಯಾಕ್‌ಗ್ರೌಂಡ್ ಬ್ಲರ್ ತೆಗೆಸಿ, ಹೆಡ್‌ಫೋನ್ ತೆಗೆದು ಸ್ಪೀಕರಲ್ಲಿ ಮಾತಾಡಿ ಅನ್ನಿ, ಒಂದು ಐಡಿ ಮುಖದ ಪಕ್ಕ ಹಿಡಿಯೋಕೆ ಹೇಳಿ, ಮೊದಲ ದಿನ ಫೋನಲ್ಲಿ ಕೇಳಿದ ದನಿಯೇನಾ ಇದು ಅಂತ ಕಿವಿಗೊಡಿ. ಟೆಕ್ನಿಕಲ್ ಪ್ರಶ್ನೆ ನಿಮಗೆ ಗೊತ್ತಿರ್ಬೇಕಂತಿಲ್ಲ. "ನಿಮ್ಮ ಟೀಮಲ್ಲಿ ಎಷ್ಟು ಜನ, ಕೊನೇ ಸಲ ರಾತ್ರಿ ಎದ್ದು ಸರಿ ಮಾಡಿದ್ದು ಏನು, ಯಾರು ಬೈದ್ರು" ಅಂತ ಕೇಳಿ, ನಿಜವಾಗಿ ಕೆಲಸ ಮಾಡಿದೋರು ಇದಕ್ಕೆ ನಗ್ತಾ ಕತೆ ಹೇಳ್ತಾರೆ, ಓದಿ ಹೇಳೋರು ತಡವರಿಸ್ತಾರೆ. ಕನ್ನಡದೋರಾದ್ರೆ ಕನ್ನಡದಲ್ಲೇ ಕೇಳಿ, ಗೂಗಲ್ ನೋಡಿ ಬಾಯಿಪಾಠ ಮಾಡಿದ್ದೆಲ್ಲ ಇಂಗ್ಲಿಷಲ್ಲಿ ಇರತ್ತಲ್ಲ. ಆದ್ರೆ ಅನುಮಾನ ಬಂತು ಅಂತ ಮುಖಕ್ಕೆ ಹೊಡೆದಂಗೆ ಹೇಳ್ಬೇಡಿ, ನೆಟ್‌ವರ್ಕ್ ನಿಜಕ್ಕೂ ಕೆಟ್ಟಿರೋ ಹಳ್ಳಿ ಹುಡುಗರ ತುಟಿ ಮಾತೂ ಮುಂದೆ ಹಿಂದೆ ಆಗತ್ತೆ, ನನ್ನದೇ ಆಗತ್ತೆ. ಒಂದು ರೌಂಡ್ ಆಫೀಸಲ್ಲಿ ಮುಖಾಮುಖಿ ಇಡ್ಸಿ ಅಂತ ಕ್ಲೈಂಟಿಗೆ ಹೇಳೋದು ಎಲ್ಲಕ್ಕಿಂತ ಸುಲಭ.

ಅಮೆರಿಕದ ಪಾಳಿ ಮಾಡೋರಿಗೆ ಒಂದೆರಡು ಮಾತು, ನಾನು ಮಾಡಿದ್ದು ಹದಿನಾಲ್ಕು ತಿಂಗಳಷ್ಟೇ. ನ್ಯೂಯಾರ್ಕಿನ ಬೆಳಿಗ್ಗೆ ಹತ್ತು ನಮಗೆ ಚಳಿಗಾಲದಲ್ಲಿ ರಾತ್ರಿ ಎಂಟೂವರೆ, ಮಾರ್ಚ್ ಎರಡನೇ ಭಾನುವಾರದಿಂದ ನವೆಂಬರ್ ಮೊದಲ ಭಾನುವಾರದವರೆಗೆ ಏಳೂವರೆ, ಕ್ಯಾಲಿಫೋರ್ನಿಯಾದ ಗಡಿಯಾರ ನ್ಯೂಯಾರ್ಕಿಗಿಂತ ಮೂರು ಗಂಟೆ ಹಿಂದೆ. ಗಡಿಯಾರ ಬದಲಾಗೋ ಆ ಎರಡು ಸೋಮವಾರ ಇಂಟರ್ವ್ಯೂ ಟೈಮನ್ನ ಎರಡೂ ಲೆಕ್ಕದಲ್ಲಿ ಬರೆದು ಕಳಿಸಿ. ಆರ್‌ಟಿಆರ್ ಮೇಲ್, ಅಂದ್ರೆ ನಿಮ್ಮ ಮೂಲಕ ಪ್ರೊಫೈಲ್ ಕಳಿಸೋಕೆ ಕ್ಯಾಂಡಿಡೇಟಿನ ಒಪ್ಪಿಗೆ, ಇಲ್ಲದೆ ಸಬ್ಮಿಟ್ ಮಾಡಲೇಬೇಡಿ. ಇನ್ನು ಮನೆ ವಿಷ್ಯ, ರಾತ್ರಿ ಒಂದು ಗಂಟೆಗೆ ಹೆಂಚಿನ ಮನೇಲಿ ಮಾತಾಡಿದ್ರೆ ಅರ್ಧ ಕೇರಿಗೆ ಕೇಳತ್ತೆ, ಕೊಟ್ಟಿಗೆ ಕಡೆ ರೂಮಿಗೆ ಹೋಗಿ. ಹಗಲು ನಿದ್ದೆ ಮಾಡೋರನ್ನ ನೆಂಟರು ಸೋಮಾರಿ ಅಂತಾರೆ, ಅದಕ್ಕೆ ನನ್ನ ಹತ್ರ ಉಪಾಯ ಇಲ್ಲ.

ಆಫೀಸಿಗೆ ಹೋಗೋ ದಿನ ಏನ್ ಮಾಡ್ಬೇಕು

ಆಫೀಸಿಗೆ ಹೋಗಿ ಹೆಡ್‌ಫೋನ್ ಹಾಕ್ಕೊಂಡು ನೌಕ್ರಿ ಸರ್ಚ್ ಮಾಡೋದಾದ್ರೆ ಹೋಗೋದೇ ಬೇಡ. ನಾನು ಸಾಗರ ಜಂಬಗಾರು ಸ್ಟೇಷನ್ನಲ್ಲಿ ತಾಳಗುಪ್ಪದಿಂದ ಬರೋ ರಾತ್ರಿ ರೈಲು ಹತ್ತಿದ್ರೆ ನಸುಕಿಗೆ ಬೆಂಗಳೂರು, ಎರಡು ದಿನ ಉಳಿದು ವಾಪಸ್, ತಿಂಗಳಿಗೆ ಎರಡು ಸಲ. ಆ ಎರಡು ದಿನ ಒಂದು ಕಾಲೂ ಮಾಡಲ್ಲ, ಮಾಡಿದ್ರೆ ತೀರಾ ತುರ್ತಿದ್ದಾಗ. ಅಕೌಂಟ್ ಮ್ಯಾನೇಜರ್ ಜೊತೆ ಕ್ಲೈಂಟ್ ಆಫೀಸಿಗೆ ಹೋಗ್ತೀನಿ, ಹೈರಿಂಗ್ ಮ್ಯಾನೇಜರ್ ಮುಖ ನೋಡ್ತೀನಿ, ಅವರು ಕೂರೋ ಜಾಗ, ಕ್ಯಾಂಟೀನು, ಪಾರ್ಕಿಂಗು, ಮೆಟ್ರೋ ಎಷ್ಟು ದೂರ, ಇದೆಲ್ಲ ನೋಡಿ ಬಂದ್ರೆ ಮುಂದಿನ ಹದಿನೈದು ದಿನ ಕ್ಯಾಂಡಿಡೇಟಿಗೆ ಹೇಳೋಕೆ ಸರಕು ಇರತ್ತೆ. ಊಟಕ್ಕೆ ಬೇರೆ ಬೇರೆ ಟೀಮಿನವರ ಜೊತೆ ಕೂರ್ತೀನಿ, ಯಾವ ಅಕೌಂಟ್ ಬೀಳ್ತಿದೆ ಯಾವುದು ಏಳ್ತಿದೆ ಅನ್ನೋದು ಊಟದ ಟೇಬಲ್ಲಲ್ಲೇ ಗೊತ್ತಾಗೋದು, ಯಾವ ಟೌನ್‌ಹಾಲ್ ಮೀಟಿಂಗಲ್ಲೂ ಅಲ್ಲ.

ಹೊಸಬರಿಗೆ ಮಾತ್ರ ನಾನು ಬೇರೇನೇ ಹೇಳೋದು, ಬೈಕೊಂಡ್ರೂ ಪರ್ವಾಗಿಲ್ಲ. ಮೊದಲ ಆರು ತಿಂಗಳು ಮನೆಯಿಂದ ಕೆಲಸ ಕೇಳ್ಬೇಡಿ. ಈ ಕೆಲಸ ಕಲಿಯೋದು ಕಿವಿಯಿಂದ. ಪಕ್ಕದ ಸೀನಿಯರ್ ಸಂಬಳದ ಮಾತು ಹೇಗೆ ಎತ್ತುತ್ತಾರೆ, ಎಲ್ಲಿ ಸುಮ್ಮನಾಗ್ತಾರೆ, ರಿಜೆಕ್ಟ್ ಆಗಿದೆ ಅಂತ ಹೇಳೋವಾಗ ದನಿ ಹೇಗೆ ಇಳಿಸ್ತಾರೆ, ಇದನ್ನ ಯಾವ ಟ್ರೈನಿಂಗ್ ವಿಡಿಯೋನೂ ಹೇಳ್ಕೊಡಲ್ಲ. ಪರಿಸ್ಥಿತಿ ಹಾಗಿದ್ದು ಮನೇಲೇ ಶುರು ಮಾಡ್ಬೇಕಾಗಿ ಬಂದ್ರೆ, ದಿನಕ್ಕೆ ಒಂದು ಗಂಟೆ ಟೀಮಿನ ನಾಲ್ಕು ಜನ ಒಂದು ಮೀಟ್ ಕಾಲ್ ಓಪನ್ ಇಟ್ಕೊಂಡು ಒಬ್ಬೊಬ್ಬರಾಗಿ ಸರದಿ ಮೇಲೆ ಕಾಲ್ ಮಾಡಿ, ಉಳಿದ ಮೂವರು ಮ್ಯೂಟಲ್ಲಿ ಕೇಳಿ, ಕ್ಯಾಂಡಿಡೇಟಿಗೆ ಟೀಮ್ ಕೇಳ್ತಿದೆ ಅಂತ ಮೊದಲೇ ಹೇಳಿ. ಮೊದಮೊದಲು ನಾಚಿಕೆ ಆಗತ್ತೆ, ಒಂದು ವಾರ ಅಷ್ಟೆ.

ಮ್ಯಾನೇಜರ್ ಹತ್ರ ಕೇಳೋದು, ದುಡ್ಡಿನ ಮಾತು

ಹೈಬ್ರಿಡ್ ಕೇಳೋಕೆ ಹೋಗುವಾಗ ಟ್ರಾಫಿಕ್ಕು ಬಾಡಿಗೆ ಅಪ್ಪಂಗೆ ಹುಷಾರಿಲ್ಲ ಅಂತ ಶುರು ಮಾಡ್ಬೇಡಿ, ಅದು ನಿಜಾನೇ ಇರ್ಬೋದು, ಆದ್ರೆ ಮ್ಯಾನೇಜರ್ ಮೇಲಿನವರಿಗೆ ಅದನ್ನ ತೋರಿಸೋಕಾಗಲ್ಲ. ಹಿಂದಿನ ಮೂರು ತಿಂಗಳದ್ದು ಎಷ್ಟು ಸಬ್ಮಿಷನ್, ಅದರಲ್ಲಿ ಎಷ್ಟು ಇಂಟರ್ವ್ಯೂ, ಎಷ್ಟು ಆಫರ್, ಎಷ್ಟು ಜನ ಸೇರಿದ್ರು ಅಂತ ನಾಲ್ಕು ಅಂಕಿ ಬರ್ಕೊಂಡು ಹೋಗಿ. ನಾಲ್ಕು ವಾರ ಪ್ರಯೋಗ ಅಂತ ಕೇಳಿ, ಅದೇ ನಾಲ್ಕು ಅಂಕಿ ಮತ್ತೆ ತೋರಿಸ್ತೀನಿ, ಕಮ್ಮಿ ಆದ್ರೆ ನೀವು ಕರೆಯೋ ಮುಂಚೆ ನಾನೇ ವಾಪಸ್ ಬರ್ತೀನಿ ಅನ್ನಿ. ಮ್ಯಾನೇಜರ್ ಕಾಲ್ ಕೌಂಟ್ ಹಿಡ್ಕೊಂಡು ಕೂತ್ರೆ ಜಗಳ ಮಾಡ್ಬೇಡಿ, ಅದರ ಪಕ್ಕದಲ್ಲಿ ಸಬ್ಮಿಷನ್‌ನಿಂದ ಇಂಟರ್ವ್ಯೂಗೆ ಹೋದೋರ ಲೆಕ್ಕನೂ ಕಳಿಸ್ತಾ ಇರಿ, ಎರಡು ತಿಂಗಳಲ್ಲಿ ಅವರೇ ಎರಡನೇದನ್ನ ನೋಡೋಕೆ ಶುರು ಮಾಡ್ತಾರೆ.

ಊರಿಂದ ಕೆಲಸ ಹುಡುಕ್ತಿರೋರು ಒಂದು ಹುಷಾರು. ಮನೆಯಿಂದ ರಿಕ್ರೂಟರ್ ಕೆಲಸ, ಮೊದಲು ಟ್ರೈನಿಂಗ್ ಫೀ ಕಟ್ಟಿ, ಲ್ಯಾಪ್‌ಟಾಪ್ ಡೆಪಾಸಿಟ್ ಕಟ್ಟಿ ಅಂತ ಯಾರಾದ್ರೂ ಕೇಳಿದ್ರೆ ಅಲ್ಲೇ ಬಿಡಿ. ನಮ್ಮ ವ್ಯಾಪಾರದಲ್ಲಿ ದುಡ್ಡು ಬರೋದು ಕಂಪನಿ ಕಡೆಯಿಂದ. ಕಟ್ಟಿ ಕಳ್ಕೊಂಡಿದ್ರೆ ತಡ ಮಾಡ್ದೆ 1930ಕ್ಕೆ ಫೋನ್ ಮಾಡಿ.

ಆ ಕಂಪನಿ ದುಡ್ಡಿನ ಲೆಕ್ಕ ಹೀಗಿದೆ: ಪರ್ಮನೆಂಟ್ ಹೈರಿಂಗಲ್ಲಿ ವರ್ಷದ ಸಂಬಳದ 8.33 ಪರ್ಸೆಂಟ್ ಅನ್ನೋದು ಹಳೇ ರೇಟು, ಅಂದ್ರೆ ಒಂದು ತಿಂಗಳ ಸಂಬಳ. 12 ಲಕ್ಷದವರನ್ನ ಸೇರಿಸಿದ್ರೆ ಕನ್ಸಲ್ಟೆನ್ಸಿಗೆ ಹತ್ತಿರ ಹತ್ತಿರ ಒಂದು ಲಕ್ಷ. ಕ್ಯಾಂಡಿಡೇಟ್ 90 ದಿನದೊಳಗೆ ಬಿಟ್ರೆ ಇನ್ನೊಬ್ಬರನ್ನ ಪುಕ್ಕಟೆ ಕೊಡ್ಬೇಕು ಅಂತ ಹೆಚ್ಚಿನ ಅಗ್ರಿಮೆಂಟಲ್ಲಿ ಇರತ್ತೆ. ಕ್ಲೈಂಟ್ ದುಡ್ಡು ಕೊಡೋದು ನಲವತ್ತೈದು ಅರವತ್ತು ದಿನಕ್ಕೆ. ನಿಮ್ಮ ಇನ್ಸೆಂಟಿವ್ ಇದೆಲ್ಲ ಮುಗಿದ್ಮೇಲೆ. ಫ್ರೀಲ್ಯಾನ್ಸ್ ಮಾಡೋರು ಈ ಒಂದು ಲಕ್ಷದಲ್ಲಿ ನನಗೆಷ್ಟು ಪಾಲು, ಯಾವತ್ತು, ಕ್ಯಾಂಡಿಡೇಟ್ ಬಿಟ್ರೆ ವಾಪಸ್ ಕೊಡ್ಬೇಕಾ ಅನ್ನೋದನ್ನ ಮೇಲಲ್ಲಿ ಬರೆಸ್ಕೊಳ್ಳಿ, ಟಿಡಿಎಸ್ ಹಿಡಿದ್ರೆ ಅದರ ಸರ್ಟಿಫಿಕೇಟ್ ಕೇಳಿ, ವರ್ಷಕ್ಕೆ 20 ಲಕ್ಷ ದಾಟೋ ಹಾಗಿದ್ರೆ ಜಿಎಸ್‌ಟಿ ನೋಡ್ಕೊಳ್ಳಿ.

ಕೆಲಸ ಬಿಡೋರು ಇದನ್ನ ಓದ್ಲೇಬೇಕು, ಯಾಕಂದ್ರೆ ಇದರಲ್ಲಿ ನಾನು ಸುಟ್ಕೊಂಡಿದೀನಿ. ಹಿಂದಿನ ಒಂದು ಕಂಪನೀಲಿ ರಿಸೈನ್ ಮಾಡಿದಾಗ ನನ್ನ ಐದು ಜನ ಸೇರಿ ಇನ್ನೂ 90 ದಿನ ಆಗಿರಲಿಲ್ಲ, ಅವರ ಇನ್ಸೆಂಟಿವ್ ಎಲ್ಲ ಫೈನಲ್ ಸೆಟ್ಲ್‌ಮೆಂಟಲ್ಲಿ ಬರತ್ತೆ ಅಂತ ಫೋನಲ್ಲಿ ಹೇಳಿದ್ರು, ನಾನು ಒಳ್ಳೇ ಹುಡುಗಿ ಥರ ಲ್ಯಾಪ್‌ಟಾಪ್ ಪ್ಯಾಕ್ ಮಾಡಿ ಸಾಗರದಿಂದ ಕೊರಿಯರ್ ಹಾಕ್ದೆ, ಅದು ತಲುಪಿದ ದಿನವೇ ನನ್ನ ಮೇಲ್ ಐಡಿ ಬಂದ್, ಟ್ರ್ಯಾಕರ್ ಬಂದ್, ಯಾರು ಸೇರಿದ್ರು ಅಂತ ತೋರಿಸೋಕೆ ಕೈಯಲ್ಲಿ ಒಂದು ಚೀಟಿ ಇಲ್ಲ. ದೂರ ಕೂತೋರು ಹೋಗಿ ಟೇಬಲ್ ಮುಂದೆ ನಿಂತು ಕೇಳೋ ಹಾಗಿಲ್ಲ. ಅದಕ್ಕೆ ಬಿಡೋಕೆ ಒಂದು ತಿಂಗಳಿರುವಾಗಲೇ, ಇಂತಿಂಥ ಜಾಯ್ನಿಂಗು, ಇಂಥ ದಿನ 90 ಮುಗಿಯತ್ತೆ, ನನಗೆ ಬರೋದು ಇಷ್ಟು ಅಂತ ಎಚ್‌ಆರ್‌ಗೂ ಅಕೌಂಟ್ಸ್‌ಗೂ ಒಂದೇ ಮೇಲ್ ಹಾಕಿ, ಹೌದು ಅಂತ ಬರವಣಿಗೇಲಿ ಉತ್ತರ ತರಿಸ್ಕೊಳ್ಳಿ, ಕ್ಯಾಂಡಿಡೇಟ್ ಡೇಟಾ ಮುಟ್ಬೇಡಿ, ಆ ಒಂದು ಉತ್ತರದ ಪ್ರಿಂಟ್ ಮಾತ್ರ ಇಟ್ಕೊಳ್ಳಿ. ಲ್ಯಾಪ್‌ಟಾಪನ್ನ ಡಬ್ಬಿಗೆ ಹಾಕೋದು ಅದಾದ್ಮೇಲೆ, ಡಬ್ಬಿಗೆ ಹಾಕೋ ಮುಂಚೆ ಸೀರಿಯಲ್ ನಂಬರ್ ಕಾಣೋ ಹಾಗೆ ಒಂದು ಫೋಟೋ ತೆಗೀರಿ, ಚಾರ್ಜರ್ ಮರೀಬೇಡಿ, ಚಾರ್ಜರ್ ಬಂದಿಲ್ಲ ಅಂತ ನನ್ನ ಸಂಬಳದಲ್ಲಿ 2,800 ಹಿಡ್ಕೊಂಡಿದ್ರು.